ತಾನೇ ಬಿಚ್ಚಿದ ಸೂರು

ನಮ್ಮ ಚಿಕ್ಕಪ್ಪ ಗಾರೆ ಮೇಸ್ತ್ರಿ. ಕೈ ಎಷ್ಟು ಗಟ್ಟಿಯೋ ಬಾಯಿ ಅದಕ್ಕಿಂತ ಗಟ್ಟಿ. ಮನೆಯಿಲ್ಲದವರಿಗೆಂದು ಸರ್ಕಾರ ಹಂಚಿಕೊಟ್ಟ ಜಾಗದಲ್ಲಿ ನಮ್ಮ ಸಾಲಿನ ಮನೆಗಳನ್ನೆಲ್ಲ ಕಟ್ಟಿದವರು ಅವರೇ. ಗೋಡೆ ಎಬ್ಬಿಸಿ, ತಗಡು ಹೊದಿಸಿ, "ನಾನು ಕಟ್ಟಿದ ಗೋಡೆಗೆ ಆನೆ ಬಂದು ಮೈ ಉಜ್ಜಿದ್ರೂ ಏನೂ ಆಗಲ್ಲ" ಎಂದು ಮೀಸೆ ತಿರುವುತ್ತಿದ್ದರು. ಆನೆಯೇನೋ ಬರಲಿಲ್ಲ. ಒಂದು ಬೆಳಿಗ್ಗೆ ಜಮೀನು ಕಚೇರಿಯ ಅಧಿಕಾರಿ ಬಂದ. ಅವನ ಹಿಂದೆ ಮನೆ ಕೆಡವುವ ಯಂತ್ರವಿತ್ತು.

"ರಸ್ತೆಗೆ ಜಾಗ ಬೇಕು. ಮಧ್ಯಾಹ್ನದೊಳಗೆ ಖಾಲಿ ಮಾಡಿ" ಎಂದ. ನೋಟಿಸಿಲ್ಲ, ವಿಚಾರಣೆಯಿಲ್ಲ. ನಾವು ಹಕ್ಕುಪತ್ರ ಹಿಡಿದು ನಿಂತರೆ ಕಣ್ಣೆತ್ತಿಯೂ ನೋಡಲಿಲ್ಲ.

ಎಲ್ಲರೂ ಚಿಕ್ಕಪ್ಪನ ಮುಖ ನೋಡಿದೆವು. ಅವರು ಏಣಿ ತಂದು ತಮ್ಮ ಮನೆಗೇ ಒರಗಿಸಿ, ತಗಡಿನ ಬೋಲ್ಟುಗಳನ್ನು ಬಿಚ್ಚತೊಡಗಿದರು.

"ಒಡೆದ್ಮೇಲೆ ಅತ್ತು ಏನು ಬಂತು? ಬಿಚ್ಕೊಂಡ್ರೆ ತಗಡಾದ್ರೂ ಉಳಿಯುತ್ತೆ. ಬೇಗ ಬೇಗ!"

ಮೇಸ್ತ್ರಿಯೇ ಹಾಗೆಂದ ಮೇಲೆ ಇನ್ನೇನು? ಸಾಲಿಗೆ ಸಾಲೇ ಬಿಚ್ಚಿತು. ಪಕ್ಕದ ಮನೆಯ ಆಟೋದವನು ಮಾತ್ರ "ಅಮ್ಮಂಗೆ ಹುಷಾರಿಲ್ಲ, ನಾನು ಬಿಚ್ಚಲ್ಲ" ಎಂದು ಬಾಗಿಲಿಗೆ ಅಡ್ಡ ನಿಂತ. ಚಿಕ್ಕಪ್ಪ ಅವನನ್ನು ಪುಸಲಾಯಿಸಿ, ರೇಗಿ, ಕೊನೆಗೆ ಅವನ ಸೂರನ್ನೂ ತಾವೇ ಇಳಿಸಿದರು. ಬರಿಗೋಡೆ ಉರುಳಿಸಲು ಯಂತ್ರಕ್ಕೆ ಎಷ್ಟು ಹೊತ್ತು ಬೇಕು!

ಮಾರುಕಟ್ಟೆಯ ಹಿಂದೆ ಟಾರ್ಪಾಲು ಕಟ್ಟಿಕೊಂಡೆವು. ಆಟೋದವನ ಅಮ್ಮನ ಕೆಮ್ಮು ಎಲ್ಲರ ನಿದ್ದೆ ಕೆಡಿಸುತ್ತಿತ್ತು. ಚಿಕ್ಕಮ್ಮ ಮಾತ್ರ ಸಿಕ್ಕವರಿಗೆಲ್ಲ "ನಮ್ಮನೆಯೋರ ಬುದ್ಧಿಯಿಂದ ತಗಡು ಉಳೀತು" ಎಂದು ಹೇಳಿಕೊಂಡು ಬರುತ್ತಿದ್ದರು.

ಒಬ್ಬ ವಕೀಲೆ ನಮ್ಮ ಪರವಾಗಿ ಕೇಸು ಹಾಕಿದರು. ಸರ್ಕಾರವೇ ಕೊಟ್ಟ ಜಾಗವಾದರೂ ನೋಟಿಸು ಕೊಡದೆ, ನಮ್ಮ ಮಾತು ಕೇಳದೆ ಕಿತ್ತುಕೊಳ್ಳುವ ಹಾಗಿಲ್ಲ ಎಂದು ಅವರಿಂದಲೇ ನಮಗೆ ತಿಳಿದದ್ದು. ಆದರೆ ಕಚೇರಿಯವರು ಆ ದಿನ ತಾವೇ ತೆಗೆದಿದ್ದ ಒಂದು ಫೋಟೋ ಮುಂದಿಟ್ಟರು. ಅದರಲ್ಲಿ ಚಿಕ್ಕಪ್ಪ ಆಟೋದವನ ಸೂರಿನ ಮೇಲೆ ಕೂತು, ಕ್ಯಾಮೆರಾ ಕಂಡು ಹಲ್ಲು ಕಿರಿದಿದ್ದರು. 'ನಾವು ಯಾರನ್ನೂ ಎಬ್ಬಿಸಿಲ್ಲ, ಅವರೇ ಖುಷಿಯಿಂದ ಹೋದರು' ಎಂಬುದು ಕಚೇರಿಯವರ ವಾದ.

ವಕೀಲೆ ಚಿಕ್ಕಪ್ಪನನ್ನು ಕೂರಿಸಿಕೊಂಡು, "ನೀವು ಹೆದರಿಕೊಂಡು ಬಿಚ್ಚಿದ್ದಾದ್ರೆ ಅದನ್ನ ನೀವೇ ಕೋರ್ಟಲ್ಲಿ ಹೇಳ್ಬೇಕು. ಇಲ್ಲಾಂದ್ರೆ ಎಲ್ಲರ ಜಾಗವೂ ಹೋಗುತ್ತೆ" ಎಂದರು.

"ಹೆದರೋದಾ? ನಾನಾ? ಉಪಾಯ ಮಾಡ್ದೆ ಕಣಮ್ಮ!" ಎಂದು ಚಿಕ್ಕಪ್ಪ ಎದ್ದೇ ಹೋದರು. ನನಗೆ ಮೈಯೆಲ್ಲ ಉರಿದುಹೋಯಿತು. ಇಡೀ ಸಾಲು ಬೀದಿಯಲ್ಲಿದೆ, ಈ ಮನುಷ್ಯನಿಗೆ ತನ್ನ ಮೀಸೆಯ ಚಿಂತೆ!

ವಿಚಾರಣೆಯ ದಿನ ನಾವೆಲ್ಲ ಹಿಂದಿನ ಬೆಂಚುಗಳಲ್ಲಿ ಕೂತಿದ್ದೆವು. "ಯಾಕೆ ಬಿಚ್ಚಿದಿರಿ?" ಎಂದು ನ್ಯಾಯಾಧೀಶರು ಕೇಳಿದರು. ಚಿಕ್ಕಪ್ಪ ಕಟಕಟೆಯ ಮರವನ್ನು ಎರಡೂ ಕೈಯಲ್ಲಿ ಹಿಡಿದುಕೊಂಡರು.

"ಹೆದರಿದೆ ಸ್ವಾಮಿ. ಆ ಮಿಷನ್ ನೋಡ್ತಿದ್ದ ಹಾಗೆ ಕೈಕಾಲೆಲ್ಲ ತಣ್ಣಗಾಯ್ತು."

ವಕೀಲೆ ಸಾಕೆಂದು ಕೈ ಮಾಡಿದರು. ಕೇಸಿಗೆ ಅಷ್ಟೇ ಬೇಕಿತ್ತು. ಚಿಕ್ಕಪ್ಪ ನಿಲ್ಲಿಸಲಿಲ್ಲ.

"ನಂದೊಂದೇ ಮನೆ ಬಿಚ್ಚಿದ್ರೆ ಪುಕ್ಕಲ ಅಂತ ಆಡ್ಕೋತಾರಲ್ಲ ಅಂತ ಎಲ್ಲರದ್ದೂ ಬಿಚ್ಚಿಸ್ದೆ. ತಗಡಿನ ಮಾತೆಲ್ಲ ಸುಳ್ಳು. ಆಟೋದವನು ಬೇಡ ಬೇಡ ಅಂದ. ಅವನೊಬ್ಬ ಧೈರ್ಯವಾಗಿ ನಿಂತುಬಿಟ್ರೆ ನನ್ನ ಮುಖ ಎಲ್ಲಿಡ್ಲಿ ಅಂತ ಅವನದ್ದೂ ಇಳಿಸ್ದೆ."

ಚಿಕ್ಕಮ್ಮ ಸೆರಗಿನಿಂದ ಮುಖ ಮುಚ್ಚಿಕೊಂಡರು. ನಾನು ನೆಲ ನೋಡಿದೆ. ಮೈ ಹಿಡಿಯಷ್ಟಾಗಿಸುವ ಅಂಥ ನಾಚಿಕೆಯನ್ನು ನಾನು ಹಿಂದೆಂದೂ ಪಟ್ಟಿರಲಿಲ್ಲ.

ಹೆದರಿ ಬಿಚ್ಚಿದ್ದು ಒಪ್ಪಿಗೆಯಲ್ಲ, ಜಾಗ ನಮ್ಮದೇ, ನೋಟಿಸು ಮತ್ತು ವಿಚಾರಣೆಯಿಲ್ಲದೆ ಯಾರೂ ಅದನ್ನು ಮುಟ್ಟಕೂಡದು ಎಂದು ತೀರ್ಪಾಯಿತು. ಕೋರ್ಟಿನ ಮೆಟ್ಟಿಲ ಮೇಲೆ ಸಾಲಿನವರೆಲ್ಲ ನಕ್ಕರು, ಅತ್ತರು. ಚಿಕ್ಕಪ್ಪನನ್ನು ಒಬ್ಬರೂ ಬೈಯಲಿಲ್ಲ. ಬೈದಿದ್ದರೇ ಚೆನ್ನಾಗಿತ್ತು.

ಆಟೋದವನು ಅಮ್ಮನನ್ನು ಹಿಂದಿನ ಸೀಟಿನಲ್ಲಿ ಕೂರಿಸಿ, ಗಾಡಿ ತಂದು ಚಿಕ್ಕಪ್ಪನ ಪಕ್ಕ ನಿಲ್ಲಿಸಿದ.

"ಹತ್ಕೊಳ್ಳಿ ಮೇಸ್ತ್ರಿ."

ಅವನ ಅಮ್ಮ ಕೆಮ್ಮುತ್ತಲೇ ಸರಿದು ಜಾಗ ಮಾಡಿಕೊಟ್ಟಳು.

"ನಡ್ಕೊಂಡು ಬರ್ತೀನಪ್ಪ," ಎಂದು ಚಿಕ್ಕಪ್ಪ ಬೇರೆ ದಾರಿ ಹಿಡಿದರು.