ಪೈಲ್ವಾನರನ್ನು ಬಾಗಿಲಲ್ಲಿ ನಿಲ್ಲಿಸಿದ್ದು

ಅವರ ಕಿವಿಗಳು ಕಿವಿಗಳ ಹಾಗಿರಲಿಲ್ಲ. ಹಿಸುಕಿಟ್ಟ ಕಣಕದ ಉಂಡೆಯಂತೆ ಮುದುಡಿ, ಗಟ್ಟಿಯಾಗಿ, ತಲೆಗೆ ಅಂಟಿಕೊಂಡಿದ್ದವು. ವೇಲ್ಸಿನ ಕಲ್ಲಿದ್ದಲ ಊರೊಂದರಲ್ಲಿ ರಗ್ಬಿ ಆಡಿ, ಆಮೇಲೆ ಇಪ್ಪತ್ತು ವರ್ಷ ಕುಸ್ತಿಯ ಅಖಾಡಗಳಲ್ಲಿ ಉಜ್ಜಿಸಿಕೊಂಡ ಕಿವಿಗಳು.

೨೦೦೮ರಲ್ಲಿ ನಾವು ಟೊರಾಂಟೊ ಪಕ್ಕದ ಥಾರ್ನ್‌ಹಿಲ್‌ನ ಟೌನ್‌ಹೌಸಿಗೆ ಬಂದಾಗ ಅವರು ಪಕ್ಕದ ಮನೆಯವರು. ನಮಗೂ ಅವರಿಗೂ ಒಂದೇ ಗೋಡೆ. ನಾವು ಅವರನ್ನು ಪೈಲ್ವಾನರು ಎಂದೇ ಕರೆಯುತ್ತಿದ್ದೆವು. ಮೊಣಕಾಲು ಕೈಕೊಟ್ಟ ಮೇಲೆ ಅವರು ನಟರಾಗಿದ್ದರು. ಟೊರಾಂಟೊದಲ್ಲಿ ಚಿತ್ರೀಕರಣಕ್ಕೇನೂ ಬರವಿಲ್ಲ. ಆದರೆ ಸಿಕ್ಕಿದ್ದೆಲ್ಲ ರೌಡಿಯ, ಅಂಗರಕ್ಷಕನ ಪಾತ್ರ. "ಮೂವತ್ತು ಸಲ ಸತ್ತಿದ್ದೇನೆ. ಬಾಯಿ ತೆರೆದಿದ್ದು ಎರಡೇ ಸಲ," ಎಂದು ನಗುತ್ತಿದ್ದರು. ನನಗೆ ನಗು ಬರುತ್ತಿರಲಿಲ್ಲ. ಯಾಕೆಂದರೆ ಪ್ರತಿ ಬೆಳಿಗ್ಗೆ ಗೋಡೆಯಾಚೆ ಅವರು ರಾಜನಾಗಿ, ಮಗಳನ್ನು ಕಳೆದುಕೊಂಡ ತಂದೆಯಾಗಿ ಸಂಭಾಷಣೆ ಒಪ್ಪಿಸುವುದನ್ನು ಕೇಳುತ್ತ ನಾನು ಕಾಫಿ ಕುಡಿಯುತ್ತಿದ್ದೆ. ಅಂಥ ದನಿ! ಪಾತ್ರ ಕೇಳಲು ಹೋದರೆ ಯಾರೂ ಆ ದನಿ ಕೇಳುತ್ತಿರಲಿಲ್ಲ. ಕಿವಿ ನೋಡಿ ಕೈಗೆ ಪಿಸ್ತೂಲು ಕೊಡುತ್ತಿದ್ದರು.

ಒಂದು ವರ್ಷ ನಮ್ಮ ಕನ್ನಡ ಸಂಘದ ರಾಜ್ಯೋತ್ಸವದ ನಾಟಕದಲ್ಲಿ ನನಗೆ ಕುಸ್ತಿಯವನ ಪಾತ್ರ ಬಂತು. ವಯಸ್ಸು ಐವತ್ತೆರಡು, ಹೊಟ್ಟೆ ಬೇರೆ. ಪೈಲ್ವಾನರು ಎರಡು ತಿಂಗಳು ನಮ್ಮ ಬೇಸ್‌ಮೆಂಟಿನಲ್ಲಿ ಹಳೆಯ ಹಾಸಿಗೆ ಹಾಕಿ ನನಗೆ ಬೀಳುವುದನ್ನು ಕಲಿಸಿದರು. "ಬೀಳೋದಕ್ಕೆ ನಾಚಬೇಡ. ನಾಚಿಕೊಂಡು ಬಿದ್ದವನ ಮೂಳೆಯೇ ಮುರಿಯೋದು," ಎನ್ನುತ್ತಿದ್ದರು.

ನಾಟಕದ ದಿನ ಅವರಿಗೆ ಮುಂದಿನ ಸಾಲಿನ ಟಿಕೆಟ್ ಕೊಟ್ಟಿದ್ದೆ. ಇದ್ದೊಂದು ಕಪ್ಪು ಸೂಟು ಹಾಕಿಕೊಂಡು ಬಂದರು. ಆದರೆ ರಂಗದ ಮೇಲಿಂದ ನೋಡುತ್ತೇನೆ, ಅವರ ಕುರ್ಚಿ ಖಾಲಿ. ಪರದೆ ಬಿದ್ದ ಮೇಲೆ ವೇಷದಲ್ಲೇ ಹೊರಗೆ ಓಡಿದೆ. ಸಭಾಂಗಣದ ಬಾಗಿಲ ಪಕ್ಕದಲ್ಲಿ, ಎದೆಗೆ ವಾಲಂಟಿಯರ್ ಚೀಟಿ ಅಂಟಿಸಿಕೊಂಡು, ಕೈಕಟ್ಟಿ ನಿಂತಿದ್ದರು.

"ಚಪ್ಪಾಳೆ ಕೇಳಿಸಿತು," ಎಂದರು. "ಎರಡನೇ ಸಲ ಬಿದ್ದದ್ದು ಸರಿಹೋಯಿತಾ?"

ಸಂಘದ ಕಾರ್ಯದರ್ಶಿಯನ್ನು ಹಿಡಿದು ಕೇಳಿದೆ.

"ಅಯ್ಯೋ ಸರ್, ನೋಡೋಕೆ ಬೌನ್ಸರ್ ಥರಾನೇ ಇದ್ರಲ್ಲ. ಸೆಕ್ಯುರಿಟಿಯವ್ನು ಬಂದಿರ್ಲಿಲ್ಲ. ಸ್ವಲ್ಪ ಹೊತ್ತು ನಿಂತ್ಕೊಳ್ತೀರಾ ಅಂದೆ, ಶ್ಯೂರ್ ಅಂದ್ರು."

"ಸ್ವಲ್ಪ ಹೊತ್ತು ಅಂದ್ರೆ ಮೂರು ಗಂಟೇನಾ?"

"ಮರ್ತೇಹೋಯ್ತು ಸರ್. ಬಿಡಿ, ಊಟ ಮಾಡ್ಕೊಂಡ್ ಹೋಗೋಕ್ ಹೇಳಿ."

ಒಳಗೆ ಪ್ರಾಯೋಜಕರಿಗೆ ಶಾಲು ಹೊದಿಸುತ್ತಿದ್ದರು. ನನ್ನ ಮೈ ಉರಿಯುತ್ತಿತ್ತು. ಆದರೂ ಬಾಯಿ ಮುಚ್ಚಿಕೊಂಡು ಬಂದೆ. ಇವತ್ತಿಗೂ ಕಾರ್ಯದರ್ಶಿಯ ಮೇಲಿರುವಷ್ಟೇ ಸಿಟ್ಟು ನನ್ನ ಮೇಲೂ ಇದೆ. ಮನೆಯಲ್ಲಿ ಕೂಗಾಡಿದೆ. ನನ್ನ ಹೆಂಡತಿ ಹುಬ್ಬಳ್ಳಿಯವಳು, ಬಿಡಲಿಲ್ಲ.

"ಅಲ್ಲೇ ಯಾಕ ಮಾತಾಡ್ಲಿಲ್ಲ ನೀವು? ಮನಿಗೆ ಬಂದು ನನ್ನ ಮುಂದ ಸಿಟ್ಟು ಮಾಡಿದ್ರ ಏನು ಬಂತು?"

ಮರುದಿನ ಅವಳೇ ನಾಟಕದವರಿಗೆಲ್ಲ ಫೋನು ಮಾಡಿದಳು. ಭಾನುವಾರ ಆರು ಜನ ಬಣ್ಣ ಹಚ್ಚಿಕೊಂಡು ನಮ್ಮ ಬೇಸ್‌ಮೆಂಟಿಗೆ ಬಂದರು. ಪೈಲ್ವಾನರೊಬ್ಬರೇ ಪ್ರೇಕ್ಷಕ. ನನ್ನ ಹೆಂಡತಿ ಪಕ್ಕದಲ್ಲಿ ಕೂತು ಅರ್ಥ ಹೇಳಿದಳು. ಮುಗಿದಾಗ ಅವರು ಎದ್ದು ನಿಂತು ಬಹಳ ಹೊತ್ತು ಚಪ್ಪಾಳೆ ತಟ್ಟಿದರು. ಆಮೇಲೆ ನನ್ನ ಕಡೆ ಬೆರಳು ತೋರಿಸಿ, "ಎರಡನೇ ಸಲ ಬಿದ್ದದ್ದು ಸುಳ್ಳು. ಮತ್ತೆ ಬೀಳು," ಎಂದರು. ಮತ್ತೆ ಬಿದ್ದೆ.

೨೦೧೪ರ ವಸಂತದಲ್ಲಿ ಅವರ ಹೃದಯ ನಿಂತಿತು. ವೇಲ್ಸಿನಿಂದ ಅವರ ತಂಗಿ ಬಂದರು. ನಮ್ಮ ಅಡುಗೆಮನೆಯಲ್ಲಿ ಚಹಾ ಕುಡಿಯುತ್ತ ಆಕೆ ಹೇಳಿದ್ದನ್ನು ಪೈಲ್ವಾನರು ನಮಗೆ ಎಂದೂ ಹೇಳಿರಲಿಲ್ಲ. ಗಣಿಯಲ್ಲಿ ಕೆಲಸವಿಲ್ಲದ ಒಂದು ಬೇಸಿಗೆ ಅವರು ಊರೂರು ತಿರುಗುವ ಮೇಳದಲ್ಲಿ ಕೂಲಿಗೆ ಕುಸ್ತಿ ಆಡಿದರಂತೆ. ರಗ್ಬಿಯವನು ಯಾವ ಆಟದಿಂದಲೂ ಸಂಪಾದಿಸಬಾರದೆಂದು ಆಗಿನ ಕಟ್ಟಳೆ. ಊರಿನ ರಗ್ಬಿ ಕ್ಲಬ್ಬು ಅವರನ್ನು ಆಜೀವ ಹೊರಗೆ ಹಾಕಿತು. ತಂದೆ ತೀರಿಕೊಂಡಾಗ ಅಂತ್ಯಕ್ರಿಯೆ ಮುಗಿಸಿ ಊರಿನವರೆಲ್ಲ ಸೇರಿದ್ದು ಅದೇ ಕ್ಲಬ್ಬಿನಲ್ಲಿ. ಮಗ ರಸ್ತೆಯಲ್ಲಿ ನಿಂತಿದ್ದ. ಅದೇ ವರ್ಷ ಕೆನಡಾಕ್ಕೆ ಹಡಗು ಹತ್ತಿದ.

"ಈಗ ರಗ್ಬಿ ಆಡೋದಕ್ಕೇ ಸಂಬಳ ತಗೋತಾರೆ," ಎಂದರು ಆಕೆ. "ನನ್ನಣ್ಣನಿಗೆ ಮಾತ್ರ ಒಬ್ಬರೂ ಒಂದು ಸಾಲು ಬರೆಯಲಿಲ್ಲ."

ಆಕೆಯಿಂದ ವಿಳಾಸ ಪಡೆದು, ಮಾಡಿದ್ದು ತಪ್ಪೆಂದು ಒಪ್ಪಿಕೊಳ್ಳಿ ಎಂದು ಕ್ಲಬ್ಬಿಗೆ ನಾನೇ ಬರೆದೆ. ಎರಡು ತಿಂಗಳ ಮೇಲೆ ಉತ್ತರ ಬಂತು: ವಿಷಾದವಿದೆ, ಆದರೆ ಆಗಿನ ನಿಯಮ ಹಾಗಿತ್ತು.

ಅವತ್ತೇ ಕೂತು ಎರಡನೆಯ ಪತ್ರ ಬರೆದೆ. ನಿಯಮ ಮಾಡಿದವರು ಯಾರು, ಅಪ್ಪನ ಅಂತ್ಯಕ್ರಿಯೆಯ ದಿನವೂ ಮಗನಿಗೆ ಬಾಗಿಲು ತೆರೆಯದವರು ಯಾರು, ಹೆಸರು ಹೇಳಿ ಎಂದು ಕೇಳಿದೆ. ಮಾರ್ಕಮ್‌ನ ಆಫೀಸಿನಲ್ಲಿ ಇಪ್ಪತ್ತು ವರ್ಷ ಎಲ್ಲರಿಗೂ ತಲೆಬಾಗಿ ಈಮೇಲ್ ಬರೆದವನು ನಾನು. ಕೊನೆಯಲ್ಲಿ 'ವಿಶ್ವಾಸಪೂರ್ವಕ' ಎಂಬ ಮಾತಿಲ್ಲದೆ ಸಹಿ ಹಾಕಿದ್ದು ಅದೇ ಮೊದಲು.