ನಿಮ್ಮದ ರೀ

ಬನಹಟ್ಟಿಯ ಮಗ್ಗದ ಓಣಿಯಲ್ಲಿ ಸಾವಿತ್ರೆವ್ವನ ಮನೆಗೂ ಅಜ್ಜ ಎಂಬ ಶರಣರ ಗದ್ದುಗೆಯ ಗುಡಿಗೂ ನಡುವೆ ಒಂದೇ ಗೋಡೆ. ಮೂವತ್ತೆಂಟು ವರ್ಷ ಅವಳು ರೊಟ್ಟಿಯ ಹಿಟ್ಟು ಮೆತ್ತಿದ ಕೈ ತೊಳೆದುಕೊಂಡು ಹೋಗಿ ಅಲ್ಲಿ ದೀಪ ಹಚ್ಚಿ ಬರುತ್ತಿದ್ದಳು. ಈಗ ಎರಡು ವರ್ಷದಿಂದ ಬಾಗಿಲಿಗೆ ಕೋರ್ಟಿನ ಬೀಗ. ಕರೆಂಟು ಹೋಗಿ ಮಗ್ಗಗಳು ನಿಂತಾಗ ಅವಳು ಗೋಡೆಗೆ ಕಿವಿಯಿಡುತ್ತಿದ್ದಳು. ಕೇಳುವಂಥದ್ದು ಮೊದಲೂ ಏನೂ ಇರಲಿಲ್ಲ ಅನ್ನಿ, ಆದರೂ ಇಡುತ್ತಿದ್ದಳು.

ಜಗಳ ಒಂದು ಕಾಗದದ್ದು. ಐವತ್ತು ವರ್ಷದ ಹಿಂದೆ ಟ್ರಸ್ಟುಗಳ ನೋಂದಣಿಗೆಂದು ಬಂದ ಗುಮಾಸ್ತನೊಬ್ಬ ಈ ಗುಡಿಯನ್ನು ‘ಸಾರ್ವಜನಿಕ’ ಎಂದು ಬರೆದುಕೊಂಡು ಹೋಗಿದ್ದ. ಆಮೇಲೆ ಯಾರೂ ಅದರ ಗೊಡವೆಗೆ ಹೋಗಿರಲಿಲ್ಲ. ಈಚೆಗೆ ಓಣಿಯ ಕಮಿಟಿಯ ದಶರಥ ಆ ಕಾಗದ ಹಿಡಿದು, ಗುಡಿ ಊರಿನದು ಎಂದ. ನೋಂದಣಿಯೇ ತಪ್ಪು, ಗುಡಿ ನಮ್ಮ ಮನೆತನದ್ದು ಎಂದು ಸಾವಿತ್ರೆವ್ವನ ಮೈದುನ ರಾಮಲಿಂಗಪ್ಪ ಜಮಖಂಡಿಯ ಕೋರ್ಟಿಗೆ ಹೋದ. ತೀರ್ಪು ಬರುವವರೆಗೆ ಬೀಗ.

ಸಾವಿತ್ರೆವ್ವನ ಚಿಂತೆಯೆಲ್ಲ ಕೂಸಿನದು. ಮಗಳು ರಾಜಶ್ರೀ ಬಾಣಂತನಕ್ಕೆ ಬಂದು ಐದು ತಿಂಗಳಾಗಿತ್ತು. ಈ ಮನೆಯಲ್ಲಿ ಹುಟ್ಟಿದ ಯಾವ ಕೂಸೂ ಗದ್ದುಗೆಯ ಮುಂದೆ ಮಲಗಿ, ಅಲ್ಲಿಯ ವಿಭೂತಿ ಹಚ್ಚಿಸಿಕೊಳ್ಳದೆ ಊರು ದಾಟಿರಲಿಲ್ಲ. ಚಿಕ್ಕವಳಿದ್ದಾಗ ರಾಜಶ್ರೀಗೆ ಜ್ವರ ಬಂದು ಮೈ ಕೆಂಡವಾದಾಗ ಇಡೀ ಸಂಜೆ ಅಲ್ಲೇ ಮಲಗಿಸಿಕೊಂಡು ಕೂತಿದ್ದಳು. ಈಗ ಬರುವ ಗುರುವಾರ ಅಳಿಯ ಮುಧೋಳದಿಂದ ಕರೆಯಲು ಬರುವವನಿದ್ದ.

ಸೋಮವಾರ ಅವಳ ಸಾಕ್ಷಿ. ಜಮಖಂಡಿಯ ಬಸ್ಸಿನಲ್ಲಿ ರಾಮಲಿಂಗಪ್ಪ ಮತ್ತೆ ಶುರು ಮಾಡಿದ: “ವೈನಿ, ನೆನಪೈತಿಲ್ಲ? ನಮ್ಮ ಮನಿತನದ್ದು. ಅಷ್ಟ ಹೇಳ್ರಿ.”

“ಗಿಣೀಗೆ ಕಲಿಸಿದಂಗ ಎಷ್ಟ ಸಲ ಕಲಿಸ್ತೀಯೋ? ಬಾಗಲಾ ಯಾವಾಗ ತಗೀತಾರ, ಅದನ್ನ ಹೇಳು.”

“ಮೊದಲ ಗೆಲ್ಲೂಣು.”

ನ್ಯಾಯಾಧೀಶರು ಮೈಸೂರು ಕಡೆಯವರು. ಮೃದುವಾಗಿ ಕೇಳಿದರು: “ಆ ಗುಡಿ ಯಾರದಮ್ಮ?”

ಅವಳ ಕೈಗಳು ತಾವಾಗಿ ಜೋಡಿಕೊಂಡವು. ದೊಡ್ಡವರು ಮನೆ ಯಾರದು, ಮಗ ಯಾರವನು ಎಂದು ಕೇಳಿದಾಗ ಚಿಕ್ಕಂದಿನಿಂದ ಅವಳ ಬಾಯಿಗೆ ಬರುತ್ತಿದ್ದದ್ದು ಒಂದೇ ಉತ್ತರ.

“ನಿಮ್ಮದ ರೀ, ಸಾಹೇಬ್ರ.”

“ನನ್ನದಾ?” ನ್ಯಾಯಾಧೀಶರ ಪೆನ್ನು ನಿಂತಿತು. ಕೋರ್ಟು ಗೊಳ್ಳೆಂದಿತು. ದಶರಥನೂ ನಕ್ಕ. ರಾಮಲಿಂಗಪ್ಪ ಹಣೆ ಹಿಡಿದುಕೊಂಡ.

ಇವರ ಕಡೆಯ ವಕೀಲ ಗೂಳಪ್ಪ ಗಡಬಡಿಸಿ ಎದ್ದರು. “ಸಾಹೇಬ್ರ, ಅದು ನಮ್ಮ ಕಡೆ ಮರ್ಯಾದಿ ಮಾತ ರೀ. ಮನಿ ಯಾರದು ಅಂದ್ರ ನಿಮ್ಮದ ಅಂತೀವಿ. ಹಂಗಂತ ಬರದುಕೊಟ್ಟಂಗಲ್ಲ...” ಅಲ್ಲಿಗೆ ಅವರ ಮಾತು ತಡೆಯಿತು, ಕಣ್ಣು ಅರಳಿತು. “ಇವರ ಮಾವ ಗಿರಿಮಲ್ಲಪ್ಪನವರೂ ಅವತ್ತ ಇದನ್ನ ಅಂದಿರಬೇಕ್ರಿ! ಗುಮಾಸ್ತ ಖರೇ ಅಂತ ತಿಳದು ಸಾರ್ವಜನಿಕ ಅಂತ ಗೀಚ್ಯಾನ!”

ನಗು ನಿಂತಿತು. “ಹೌದೇನಮ್ಮ?” ಎಂದರು ನ್ಯಾಯಾಧೀಶರು.

“ಆವಾಗ ನಾ ಇನ್ನೂ ಸೊಸಿಯಾಗಿ ಬಂದಿದ್ದಿಲ್ರಿ. ಆದ್ರ ಮಾವನವ್ರು ಯಾರ ಕೇಳಿದ್ರೂ ಹಂಗ ಅಂತಿದ್ರು.”

“ಮರ್ಯಾದೆಗೋ, ನಿಜವಾಗಿಯೋ?”

ಮಾವನ ಮುಖ ನೆನಪಾಯಿತು. ಮೊದಲ ದಿನ ಎಣ್ಣೆಯ ಗಿಂಡಿ ಕೈಗಿಟ್ಟು ಏನೋ ಹೇಳಿದ್ದರು. ಆ ಮಾತು ಮಾತ್ರ ನೆನಪಾಗಲಿಲ್ಲ. “ಗೊತ್ತಿಲ್ರಿ. ಅವ್ರು ಯಾರಿಗೂ ಬಾಗಲಾ ಹಾಕಿದ್ದನ್ನ ಅಂತೂ ನಾ ನೋಡಲಿಲ್ಲ. ಸಾಹೇಬ್ರ, ಗುರುವಾರದೊಳಗ ತಗಸ್ತೀರೇನ್ರಿ? ಕೂಸೈತಿ.”

“ಅದಕ್ಕೆ ಬೇರೆ ಅರ್ಜಿ ಹಾಕಬೇಕಮ್ಮ.” ಮುಂದಿನ ತಾರೀಖು ಒಂದು ತಿಂಗಳಾಚೆ ಬಿತ್ತು.

“ಕೇಸ ಗೆದ್ದಂಗ ಆತು, ವೈನಿ!” ಎಂದು ರಾಮಲಿಂಗಪ್ಪ ಬಸ್ಸಿನುದ್ದಕ್ಕೂ ಹೇಳಿದ. ಅವಳು ಕಿಟಕಿಯಾಚೆಯ ಕಬ್ಬು ನೋಡುತ್ತಿದ್ದಳು.

ಗುರುವಾರ ಓಣಿಯ ತುದಿಯಲ್ಲಿ ಅಳಿಯನ ಕಾರು ನಿಂತಿತು. ಸಾವಿತ್ರೆವ್ವ ಬೀಗ ಹಾಕಿದ ಬಾಗಿಲ ಮುಂದಿನ ಕಲ್ಲಿನ ಮೇಲೆ ಕೌದಿ ಹಾಸಿ ಕೂಸನ್ನು ಮಲಗಿಸಿದಳು. ಆಮೇಲೆ ಕೆನ್ನೆಯನ್ನು ನೆಲಕ್ಕೆ ಹಚ್ಚಿ, ಬಾಗಿಲ ಕೆಳಗಿನ ಸಂದಿಯಲ್ಲಿ ಬೆರಳು ತೂರಿಸಿದಳು. ಗೆಣ್ಣು ತರಚಿತು. ಬೆರಳ ತುದಿಗೆ ಬೂದು ಬಣ್ಣದ್ದೇನೋ ಅಂಟಿಕೊಂಡು ಬಂತು.

“ಯವ್ವಾ, ಅದು ಧೂಳ ಬೇ! ಮೊನ್ನೆರ ಕೂಸಿನ ಮೂಗ ಕಟ್ಟಿತ್ತು,” ಎಂದು ರಾಜಶ್ರೀ ಬಗ್ಗಿದಳು. ಕೂಸಿನ ಮೂಗಿಗೆ ಸೆರಗು ಅಡ್ಡ ಹಿಡಿದಳು. ತಾಯಿಯ ಕೈಯನ್ನು ಮಾತ್ರ ತಡೆಯಲಿಲ್ಲ.

ನೂಲಿನ ಗಂಟು ಹೇರಿದ ಬೈಕೊಂದು ಹತ್ತಿರ ಬಂದು ನಿಂತಿತು. ದಶರಥ. ಎರಡು ವರ್ಷದಿಂದ ಎರಡೂ ಮನೆಗಳಿಗೆ ಮಾತಿರಲಿಲ್ಲ. ಅವನು ಬೀಗ ನೋಡಿದ, ಕೂಸಿನ ಹಣೆಯ ಮೇಲಿನ ಬೂದು ಗೆರೆ ನೋಡಿದ. ಗೊತ್ತಿದ್ದೂ ಕೇಳಿದ:

“ಯಾರ ಕೂಸು, ಕಾಕಿ?”

“ನಿಮ್ಮದ.”

ಅವನ ತುಟಿಯ ಮೇಲೆ ನಗು ಸುಳಿಯಿತು. “ಮರ್ಯಾದಿಗೋ, ಖರೇನೋ?”

ಸಾವಿತ್ರೆವ್ವ ಕೂಸನ್ನು ಎತ್ತಿ ಅವನತ್ತ ಚಾಚಿದಳು. ಕಾರಿನ ಹಾರ್ನು ಕೂಗಿತು. ದಶರಥ ಬೈಕು ಆರಿಸಿ, ಕೈ ಅಂಗಿಗೆ ಒರೆಸಿಕೊಳ್ಳುತ್ತ, ಮೊದಲು ಚಪ್ಪಲಿ ಬಿಟ್ಟ.