ಹಿಂದೆ ತಿರುಗಿ ನೋಡದ ಮಿಡ್‌ಫೀಲ್ಡರ್

೨೦೦೬ರಲ್ಲಿ ನಾನು ಬಸವೇಶ್ವರನಗರದಲ್ಲಿ, ಒಂದು ಮೆಡಿಕಲ್ ಸ್ಟೋರಿನ ಮೇಲಿನ ಕೋಣೆಯಲ್ಲಿ ಫಿಸಿಯೊಥೆರಪಿ ಕ್ಲಿನಿಕ್ ನಡೆಸುತ್ತಿದ್ದೆ. ಬೆಳಿಗ್ಗೆ ಮಂಡಿ ನೋವಿನ ಅಜ್ಜಿಯರು, ಮಧ್ಯಾಹ್ನ ಕುತ್ತಿಗೆ ಹಿಡಿದುಕೊಂಡ ಬ್ಯಾಂಕ್ ನೌಕರರು. ಸಂಜೆ ಮತ್ತು ಭಾನುವಾರ ಮಾತ್ರ ನನ್ನ ಕೆಲಸ ಬೇರೆ. ವಿಜಯನಗರದ ಒಂದು ಮೈದಾನದಲ್ಲಿ ಅಭ್ಯಾಸ ಮಾಡುತ್ತಿದ್ದ ಫುಟ್‌ಬಾಲ್ ಕ್ಲಬ್ಬಿಗೆ ನಾನೇ ಫಿಸಿಯೊ. ಆಟಗಾರರಿಗೆ ನಾನು ಮೇಡಂ, ಕೋಚ್ ಸೆಲ್ವಂ ಅವರಿಗೆ ಡಾಕ್ಟ್ರಮ್ಮ. ನಾನು ಡಾಕ್ಟರ್ ಅಲ್ಲ ಎಂದು ಮೊದಮೊದಲು ತಿದ್ದಿದೆ, ಆಮೇಲೆ ಬಾಯಿ ನೋವು ಬಂದು ಬಿಟ್ಟುಬಿಟ್ಟೆ.

ಕೆಲಸ ಸರಳವೇ. ಪಂದ್ಯಕ್ಕೆ ಮುಂಚೆ ಕಣಕಾಲಿಗೆ ಟೇಪ್ ಸುತ್ತುವುದು, ಉಳುಕಿದ ಜಾಗಕ್ಕೆ ಐಸ್ ಇಡುವುದು, ಬಿದ್ದವನ ಬಳಿಗೆ ಚೀಲ ಹಿಡಿದು ಓಡುವುದು. ಅಧಿಕಾರ ಮಾತ್ರ ಏನೇನೂ ಇರಲಿಲ್ಲ. ಆಟಗಾರ ಆಡಬಹುದೇ ಬೇಡವೇ ಎಂದು ನಾನು ಸಲಹೆ ಕೊಡಬಹುದಿತ್ತು, ತೀರ್ಮಾನ ಕೋಚ್‌ನದ್ದು. ಸೆಲ್ವಂ ಸಾರ್ ಒಳ್ಳೆಯ ಮನುಷ್ಯರು, ಆದರೆ ಅವರ ಕಾಲದಲ್ಲಿ ಮೂಗಿನ ಮೂಳೆ ಮುರಿದುಕೊಂಡೂ ಪೂರ್ತಿ ಪಂದ್ಯ ಆಡಿದ್ದರು. ಆ ಮೂಗನ್ನು ಹುಡುಗರಿಗೆ ತೋರಿಸಿ ಪಾಠ ಹೇಳುತ್ತಿದ್ದರು. ಅಂಥವರ ಎದುರು ಸಲಹೆ ಕೊಡುವುದು ಹೇಗೆ ಎಂದು ನೀವೇ ಊಹಿಸಿ.

ಕಾಲಿನ ಪೆಟ್ಟಿಗಿಂತ ನನಗೆ ಹೆಚ್ಚು ಭಯವಿದ್ದದ್ದು ಕನ್ಕಷನ್ ಬಗ್ಗೆ. ತಲೆಗೆ ಪೆಟ್ಟು ಬಿದ್ದಾಗ ಬುರುಡೆಯೊಳಗೆ ಮಿದುಳು ಅಲುಗಾಡಿ, ಅದರ ಕೆಲಸ ಸ್ವಲ್ಪ ಕಾಲ ಏರುಪೇರಾಗುವುದನ್ನು ಹಾಗೆನ್ನುತ್ತಾರೆ. ರಕ್ತ ಬರುವುದಿಲ್ಲ, ಮೂಳೆ ಮುರಿಯುವುದಿಲ್ಲ, ಸ್ಕ್ಯಾನ್ ಕೂಡ ಎಷ್ಟೋ ಸಲ ಸರಿಯಾಗಿಯೇ ಇರುತ್ತದೆ. ಮನುಷ್ಯ ಎದ್ದು ಓಡುತ್ತಾನೆ. ಅದು ಮಾಯುವ ಮೊದಲೇ ಇನ್ನೊಂದು ಪೆಟ್ಟು ಬಿದ್ದರೆ ಮಿದುಳು ಊದಿಕೊಂಡು ಪ್ರಾಣಕ್ಕೇ ಸಂಚಕಾರ ಬರಬಹುದು. ಹಾಗಾಗಿ ಆ ಸೀಸನ್ ಶುರುವಾಗುವಾಗ ಹುಡುಗರನ್ನೆಲ್ಲ ಕೂರಿಸಿಕೊಂಡು ಒಂದು ತರಗತಿ ತೆಗೆದುಕೊಂಡೆ. ತಲೆಗೆ ಪೆಟ್ಟು ಬಿದ್ದವನನ್ನು ನಾನು ಕೇಳುವ ಪ್ರಶ್ನೆಗಳನ್ನೂ ಹೇಳಿದೆ: ಇದು ಯಾವ ಗ್ರೌಂಡ್? ಮೊದಲ ಹಾಫೋ ಎರಡನೆಯದೋ? ಕೊನೆಯ ಗೋಲು ಹೊಡೆದವರು ಯಾರು? ಹಿಂದಿನ ಪಂದ್ಯ ಯಾರ ಜೊತೆ? ಒಂದು ತಪ್ಪಿದರೂ ಆಟದಿಂದ ಹೊರಗೆ. ಹುಡುಗರು ಯಾವತ್ತೂ ಇಲ್ಲದ ಗಮನದಿಂದ ಕೇಳಿಸಿಕೊಂಡರು. ನನ್ನ ಪಾಠ ಇಷ್ಟು ಚೆನ್ನಾಗಿತ್ತೇ ಎಂದು ಒಳಗೊಳಗೇ ಬೀಗಿದೆ.

ಆ ತಂಡದ ಜೀವ ಎಂದರೆ ಮಂಜು, ಹತ್ತೊಂಬತ್ತು ವರ್ಷದ ಮಿಡ್‌ಫೀಲ್ಡರ್. ಬಾಗಲಕೋಟೆ ಕಡೆಯಿಂದ ಬಂದು ನಾಯಂಡಹಳ್ಳಿಯಲ್ಲಿ ನೆಲೆಸಿದ ಮನೆಯವನು. ಅಪ್ಪ ಲೇತ್ ವರ್ಕ್‌ಶಾಪಿನಲ್ಲಿ, ತಾಯಿ ಗಂಗವ್ವ ಮೈಸೂರು ರಸ್ತೆಯ ಗಾರ್ಮೆಂಟ್ಸಿನಲ್ಲಿ. ಮಿಡ್‌ಫೀಲ್ಡರ್ ಮೈದಾನದ ನಡುವೆ ಆಡುವವನು, ಎದುರಾಳಿ ಯಾವ ದಿಕ್ಕಿನಿಂದಲಾದರೂ ಬಂದು ಗುದ್ದಬಹುದು. ಅದಕ್ಕೇ ಚೆಂಡು ಕಾಲಿಗೆ ಬರುವ ಮೊದಲೇ ಬೆನ್ನ ಹಿಂದೆ ಯಾರಿದ್ದಾರೆಂದು ಗೊತ್ತಿರಬೇಕು. ಮಂಜು ಪ್ರತಿ ಸಲವೂ ಚೆಂಡು ಬರುವ ಮುಂಚೆ ಬಲ ಭುಜದ ಮೇಲೊಮ್ಮೆ, ಎಡ ಭುಜದ ಮೇಲೊಮ್ಮೆ ಕತ್ತು ತಿರುಗಿಸಿ ನೋಡುತ್ತಿದ್ದ. ಯಾರೂ ಕಲಿಸಿದ್ದಲ್ಲ. ದಿನಾ ಸೈಕಲ್ಲಿನಲ್ಲಿ ನಾಯಂಡಹಳ್ಳಿ ಜಂಕ್ಷನ್ ದಾಟಿ ಬರುವವನು, ಆ ಲಾರಿಗಳ ನಡುವೆ ಹಿಂದೆ ನೋಡದವನು ಮನೆ ಸೇರುವುದಿಲ್ಲ. ಸೆಲ್ವಂ ಸಾರ್ ಅದಕ್ಕೆ ಮಿರರ್ ಎಂದು ಹೆಸರಿಟ್ಟಿದ್ದರು. ಉಳಿದವರು ಎಡವಿದಾಗಲೆಲ್ಲ, “ಲೇ, ಮಿರರ್ ನೋಡ್ರೋ! ಮಂಜನ್ನ ನೋಡಿ ಕಲೀರೋ!” ಎಂದು ಗೆರೆಯ ಆಚೆಯಿಂದ ಕೂಗುತ್ತಿದ್ದರು.

ಲೀಗಿನ ಕೊನೆಯ ಪಂದ್ಯಕ್ಕೆ ಗೋವಾದ ಒಂದು ಕ್ಲಬ್ಬಿನ ಪ್ರತಿನಿಧಿ ಬಂದಿದ್ದರು. ಅವರಿಗೆ ಬೇಕಿದ್ದದ್ದು ಒಬ್ಬ ಮಿಡ್‌ಫೀಲ್ಡರ್, ನೋಡಲು ಬಂದದ್ದು ಮಂಜುವನ್ನು. ಆಟ ಹಿಡಿಸಿದರೆ ಅಂದೇ ಮಾತುಕತೆ, ಎರಡು ವರ್ಷದ ಒಪ್ಪಂದ. ವೃತ್ತಿಪರ ಫುಟ್‌ಬಾಲಿನ ಬಾಗಿಲು ನಮ್ಮ ಕಡೆಯ ಹುಡುಗರಿಗೆ ಆಗ ಅಷ್ಟು ಸುಲಭವಾಗಿ ತೆರೆಯುತ್ತಿರಲಿಲ್ಲ. ಗಂಗವ್ವ ಮಗನ ಆಟವನ್ನು ಅದುವರೆಗೆ ಒಮ್ಮೆಯೂ ನೋಡಿರಲಿಲ್ಲ. ಆ ದಿನ ಫ್ಯಾಕ್ಟರಿಗೆ ರಜೆ ಹಾಕಿ, ಮಗನ ಜೊತೆ ಬಸ್ಸಿನಲ್ಲಿ ಬಂದಿದ್ದರು. ಸ್ಟೀಲ್ ಡಬ್ಬಿ ತುಂಬ ಶೇಂಗಾ ಉಂಡೆ. ಮಂಜು ತಾನೇ ಡಬ್ಬಿ ಹಿಡಿದು ತಂಡದವರಿಗೆಲ್ಲ ಹಂಚಿದ. ಸೆಲ್ವಂ ಸಾರ್ ಎರಡು ತಿಂದರು. ಗಂಗವ್ವ ಬೇಲಿಯ ಪಕ್ಕ ಹೊಂಗೆ ಮರದ ಕೆಳಗೆ ಸೆರಗು ಹೊದ್ದು ಕೂತರು.

ಮೊದಲ ಹಾಫ್ ಮುಗಿಯಲು ಇನ್ನೇನು ಸ್ವಲ್ಪ ಹೊತ್ತಿದೆ ಎನ್ನುವಾಗ ಅದು ನಡೆಯಿತು. ಎತ್ತರದಿಂದ ಇಳಿದ ಚೆಂಡಿಗೆ ಮಂಜುವೂ ಎದುರಾಳಿ ಡಿಫೆಂಡರನೂ ಒಟ್ಟಿಗೆ ನೆಗೆದರು. ತಲೆಗೆ ತಲೆ ತಾಗಿದ ಸದ್ದು ನನಗೆ ಗೆರೆಯ ಆಚೆ ಕೇಳಿಸಿತು. ಮಂಜು ಬಿದ್ದವನು ಅಲುಗಲಿಲ್ಲ. ರೆಫರಿ ಸೀಟಿ ಊದಿ ಕೈ ಬೀಸಿದರು, ನಾನು ಓಡಿದೆ. ಅಷ್ಟರಲ್ಲಿ ತಂಡದವರು ಅವನ ಸುತ್ತ ಗುಂಪುಗಟ್ಟಿ ಬಗ್ಗಿದ್ದರು. ಯಾರು ಬಿದ್ದರೂ ಹಾಗೆ ಸುತ್ತುವರಿಯುವುದು ನಮ್ಮ ಹುಡುಗರ ಪದ್ಧತಿ. ನಾನದನ್ನು ಪ್ರೀತಿ ಎಂದುಕೊಂಡಿದ್ದೆ. ಅವರನ್ನು ಸರಿಸಿ ಒಳಗೆ ಹೋದಾಗ ಮಂಜು ಎದ್ದು ಕೂತಿದ್ದ.

“ಮಂಜು, ಇದು ಯಾವ ಗ್ರೌಂಡು?” ಎಂದೆ.

“ವಿಜಯನಗರ. ಫಸ್ಟ್ ಹಾಫು. ಲಾಸ್ಟ್ ಗೋಲು ಇಮ್ರಾನ್ ಹೊಡ್ದ.”

ಎಲ್ಲವೂ ಸರಿ. ಆದರೆ ನಾನು ಕೇಳಿದ್ದು ಒಂದೇ ಪ್ರಶ್ನೆ, ಅವನು ಕೊಟ್ಟದ್ದು ಮೂರು ಉತ್ತರ. “ಇವನನ್ನ ಹೊರಗೆ ಕರ್ಕೊಂಡು ಹೋಗ್ತೀನಿ” ಎಂದೆ. ಗೆರೆಯಿಂದ ಸೆಲ್ವಂ ಸಾರ್ ಕೂಗಿದರು: “ಎಲ್ಲಾ ಕರೆಕ್ಟಾಗಿ ಹೇಳಿದ್ನಲ್ಲ ಡಾಕ್ಟ್ರಮ್ಮಾ! ಬಿಡಿ ಅವನ್ನ!” ಕ್ಯಾಪ್ಟನ್ ಇಮ್ರಾನ್ ಆಗಲೇ ಮಂಜುವಿನ ಕಂಕುಳಿಗೆ ಕೈ ಹಾಕಿ ನಿಲ್ಲಿಸಿದ್ದ. ರೆಫರಿ ನನ್ನನ್ನು ಹೊರಗೆ ಹೋಗಲು ಸೂಚಿಸಿದರು, ಆಟ ಶುರುವಾಯಿತು.

ಆ ಉಳಿದ ನಿಮಿಷಗಳಷ್ಟು ಉದ್ದದ ಹೊತ್ತನ್ನು ನಾನು ಬೇರೆ ಕಂಡಿಲ್ಲ. ಚೆಂಡು ಯಾರ ಬಳಿ ಇದೆ ಎಂಬುದನ್ನೂ ನೋಡದೆ ಮಂಜುವಿನ ಮೇಲೇ ಕಣ್ಣಿಟ್ಟಿದ್ದೆ. ಅವನು ನೆಟ್ಟಗೇ ಓಡುತ್ತಿದ್ದ. ಒಮ್ಮೆ ಚೆಂಡು ಸಿಕ್ಕಾಗ, ಮೂವರು ಎದುರಾಳಿಗಳ ನಡುವಿನ ಸಂದಿಯಲ್ಲಿ ಅದನ್ನು ಎಷ್ಟು ನಾಜೂಕಾಗಿ ಪಾಸ್ ಮಾಡಿದ ಎಂದರೆ ಮೈದಾನವೇ ಹೋ ಎಂದಿತು. ಗೋವಾದವರು ಕುರ್ಚಿಯಿಂದ ಎದ್ದು ನಿಂತರು. ಮರದ ಕೆಳಗೆ ಗಂಗವ್ವ, ಆಗಿದ್ದೇನೆಂದು ತಿಳಿಯದಿದ್ದರೂ, ಎಲ್ಲರನ್ನೂ ನೋಡಿ ತಾವೂ ಚಪ್ಪಾಳೆ ತಟ್ಟಿದರು. ನಾನು ಮಾತ್ರ ಅವನ ಕತ್ತನ್ನೇ ನೋಡುತ್ತಿದ್ದೆ. ಚೆಂಡು ಅವನ ಕಡೆಗೆ ಮತ್ತೆ ಮತ್ತೆ ಬಂತು, ಒಂದು ಸಲವೂ ಅವನ ಕತ್ತು ತಿರುಗಲಿಲ್ಲ. ಬಲಕ್ಕೂ ಇಲ್ಲ, ಎಡಕ್ಕೂ ಇಲ್ಲ. ಹಿಂದಿನಿಂದ ಒಬ್ಬ ಎದುರಾಳಿ ಓಡಿ ಬಂದದ್ದೂ ಅವನಿಗೆ ತಿಳಿಯಲಿಲ್ಲ, ಕೂದಲೆಳೆಯಲ್ಲಿ ತಪ್ಪಿತು.

ಹಾಫ್ ಟೈಮಿನ ಸೀಟಿ ಬಿತ್ತು. ನಮ್ಮ ಡ್ರೆಸ್ಸಿಂಗ್ ರೂಮ್ ಎಂದರೆ ಸುಣ್ಣದ ಮೂಟೆ, ಹರಿದ ನೆಟ್‌ಗಳನ್ನು ತುಂಬಿಟ್ಟ ಕೋಣೆ. ಸೆಲ್ವಂ ಸಾರ್ ಖುಷಿಯಲ್ಲಿದ್ದರು. ನಾನು ಮಂಜುವಿನ ಎದುರು ಮೊಣಕಾಲೂರಿ ಕೂತು ಅವನ ಬೂಟಿನ ಲೇಸು ಬಿಚ್ಚಿದೆ. ಕಣಕಾಲು ನೋಡುತ್ತೇನೆಂದು ಎಲ್ಲರೂ ತಿಳಿದಿರಬೇಕು. ಎಡಗಾಲಿನ ಬೂಟನ್ನು ಕಳಚಿ ಕಂಕುಳಲ್ಲಿ ಇಟ್ಟುಕೊಂಡು, ನಾನು ಯಾರಿಗೂ ಕಲಿಸದೇ ಇದ್ದ ಒಂದು ಪ್ರಶ್ನೆ ಕೇಳಿದೆ.

“ಇವತ್ತು ಗ್ರೌಂಡ್‌ಗೆ ಹೇಗೆ ಬಂದೆ ಮಂಜು?”

“ಸೈಕಲ್ಲಲ್ಲಿ.”

ಕೋಣೆಯಲ್ಲಿ ನೀರು ಕುಡಿಯುತ್ತಿದ್ದವರು ನಿಲ್ಲಿಸಿದರು. ನನ್ನ ಬೆನ್ನ ಹಿಂದೆ ಇಮ್ರಾನ್ ಏನೋ ಪಿಸುಗುಟ್ಟಿದ. ನಾನು ತಿರುಗಿ ನೋಡಿದೆ, ಅವನು ಬಾಯಿ ಮುಚ್ಚಿದ.

“ಜೊತೇಲಿ ಯಾರು ಬಂದ್ರು?”

ಮಂಜು ಗೊಂದಲದಿಂದ ನನ್ನನ್ನೇ ನೋಡಿದ. “ಯಾರೂ ಇಲ್ವಲ್ಲ ಮೇಡಂ. ಒಬ್ನೇ ಬಂದೆ.”

ಅವನ ಪಕ್ಕದಲ್ಲೇ ಶೇಂಗಾ ಉಂಡೆಯ ಖಾಲಿ ಡಬ್ಬಿ ಇತ್ತು. ಇಮ್ರಾನ್ ತಲೆ ತಗ್ಗಿಸಿದ.

“ಮೇಡಂ, ಗ್ರೌಂಡಲ್ಲಿ ನಾವೇ ಹೇಳ್ಕೊಟ್ವಿ. ನೀವೇ ಹೇಳಿದ್ರಲ್ಲ, ತಪ್ಪು ಹೇಳಿದ್ರೆ ಔಟ್ ಅಂತ. ತಪ್ಪಾಗ್ಬಾರ್ದು ಅಂತ ಎಲ್ಲಾರೂ ಪ್ರಾಕ್ಟೀಸ್ ಮಾಡ್ಕೊಂಡಿದ್ವಿ. ಯಾರೇ ಬಿದ್ರೂ, ಫಸ್ಟ್ ಓಡಿ ಹೋದವನು ಆನ್ಸರ್ ಹೇಳ್ಬೇಕು.”

ಎಸ್ಸೆಸ್ಸೆಲ್ಸಿ ಪರೀಕ್ಷೆಗೆ ಗೈಡ್ ಓದುವವರಂತೆ ಇಡೀ ತಂಡ ನನ್ನ ಪ್ರಶ್ನೆಗಳಿಗೆ ತಯಾರಾಗಿತ್ತು. ಪಾಸಾದರೆ ಆಯಿತು, ತಲೆ ಏನಾದರೂ ಆಗಲಿ! ನನಗೆ ಬಂದ ಸಿಟ್ಟಿಗೆ ಅವರನ್ನೆಲ್ಲ ಸುಣ್ಣದ ಮೂಟೆಯ ಜೊತೆ ಕೂಡಿಹಾಕಬೇಕೆನಿಸಿತು. ಆದರೆ ಕೆಟ್ಟ ಉದ್ದೇಶ ಯಾರಿಗೂ ಇರಲಿಲ್ಲ, ಗೆಳೆಯನ ಬದುಕು ಹಾಳಾಗಬಾರದು ಎಂದೇ ಅವರು ಅದನ್ನು ಮಾಡಿದ್ದು.

“ಸಾರ್, ಇವನು ಇನ್ನು ಆಡೋ ಹಾಗಿಲ್ಲ” ಎನ್ನುತ್ತ ಎದ್ದು ನಿಂತೆ.

ಸೆಲ್ವಂ ಸಾರ್ ಮುಖ ಕೆಂಪಾಯಿತು. ಫುಟ್‌ಬಾಲಿನಲ್ಲಿ ಒಮ್ಮೆ ಬದಲಾಯಿಸಿದ ಆಟಗಾರ ಆ ಪಂದ್ಯಕ್ಕೆ ಮತ್ತೆ ಇಳಿಯುವಂತಿಲ್ಲ. “ಆ ಗೋವಾದವ್ರು ಇವತ್ತೇ ವಾಪಸ್ ಹೋಗ್ತಾರಮ್ಮ. ಈ ಹುಡುಗನ್ಗೆ ಇನ್ನೊಂದು ಚಾನ್ಸ್ ನೀವು ತಂದ್ಕೊಡ್ತೀರಾ? ಸ್ವಲ್ಪ ಹೊತ್ತು ಆಡ್ಲಿ, ಆಮೇಲೆ ತೆಗೀತೀನಿ. ಬೂಟ್ ಕೊಡಿ.”

ನಾನು ಕೊಡಲಿಲ್ಲ. ಆಗ ಮಂಜು ಬೆಂಚಿನಿಂದ ಇಳಿದು ನನ್ನ ಕಾಲಿಗೆ ಕೈ ಚಾಚಿದ. “ಮೇಡಂ, ಪ್ಲೀಸ್ ಮೇಡಂ. ಕೊಡಿ ಮೇಡಂ. ನನ್ನ ಲೈಫ್ ಮೇಡಂ ಇದು.” ಅವನ ಕಣ್ಣಲ್ಲಿ ನೀರಿತ್ತು, ನನ್ನ ಕಣ್ಣಲ್ಲೂ ಬಂತು. ಕೊಟ್ಟುಬಿಡಲೇ ಎಂದು ಒಂದು ಗಳಿಗೆ ನನಗೂ ಅನ್ನಿಸಿತು, ಸುಳ್ಳೇಕೆ ಹೇಳಲಿ. ಬೂಟನ್ನು ಇನ್ನೂ ಗಟ್ಟಿಯಾಗಿ ಒತ್ತಿ ಹಿಡಿದು ಸೆಲ್ವಂ ಸಾರ್ ಕಡೆ ತಿರುಗಿದೆ.

“ಸಾರ್, ಬಿದ್ದ ಮೇಲೆ ಅವನು ಒಂದ್ಸಲಾನೂ ಮಿರರ್ ನೋಡಿಲ್ಲ.”

ಅವರು ಬಾಗಿದ ಮೂಗನ್ನು ಬೆರಳಿನಿಂದ ಉಜ್ಜಿಕೊಂಡರು. ಹೊರಗೆ ರೆಫರಿ ಎರಡೂ ತಂಡಗಳನ್ನು ಕರೆಯುತ್ತಿದ್ದರು.

“ನಾನೂ ನೋಡ್ದೆ” ಎಂದರು ಕೊನೆಗೆ, ಮೆಲ್ಲಗೆ. “ಏನೋ ಸುಸ್ತಾಗಿದೆ ಅಂದ್ಕೊಂಡೆ. ಅಂದ್ಕೋಬೇಕು ಅಂತ ಅಂದ್ಕೊಂಡೆ.” ನನ್ನ ಕೈಯಿಂದ ಬೂಟು ತೆಗೆದುಕೊಂಡು ಬೆಂಚಿನ ಕೆಳಗೆ ಇಟ್ಟರು. ಆಮೇಲೆ ಬದಲಿ ಆಟಗಾರನ ಹೆಸರು ಕೂಗಿದರು.

ಗಂಗವ್ವನನ್ನು ಕರೆದುಕೊಂಡು ನಾವು ಆಟೋದಲ್ಲಿ ರಾಜಾಜಿನಗರದ ಆಸ್ಪತ್ರೆಗೆ ಹೊರಟೆವು. ದಾರಿಯಲ್ಲಿ ಮಂಜು ಎರಡು ಸಲ ವಾಂತಿ ಮಾಡಿಕೊಂಡ. ಮುಖ ಒರೆಸಿದ ತಾಯಿಯನ್ನು ನೋಡಿ ಆಶ್ಚರ್ಯದಿಂದ, “ಅವ್ವಾ, ನೀ ಯಾವಾಗ ಬಂದಿ?” ಎಂದ.

“ಈಗ ಬಂದೆ ನೋಡಪಾ” ಎಂದರು ಗಂಗವ್ವ.

ಸ್ವಲ್ಪ ಹೊತ್ತಿಗೆ ಮತ್ತೆ ಅದೇ ಪ್ರಶ್ನೆ. ಕನ್ಕಷನ್ ಆದವರು ಹಾಗೆ ಕೇಳಿದ್ದನ್ನೇ ಕೇಳುತ್ತಾರೆ, ಹೊಸ ನೆನಪು ನಿಲ್ಲುವುದಿಲ್ಲ. ಆಸ್ಪತ್ರೆ ಸೇರುವವರೆಗೂ ಅವನು ಕೇಳುತ್ತಲೇ ಇದ್ದ. ಆ ತಾಯಿ ಒಮ್ಮೆಯೂ ಬೇಸರಿಸದೆ, ಮೈದಾನಕ್ಕೆ ಇಬ್ಬರೂ ಬಸ್ಸಿನ ಒಂದೇ ಸೀಟಿನಲ್ಲಿ ಕೂತು ಬಂದದ್ದನ್ನು ಎತ್ತದೆ, ಪ್ರತಿ ಸಲವೂ ಮೊದಲ ಸಲ ಹೇಳುವಂತೆ, “ಈಗ ಬಂದೆ ನೋಡಪಾ” ಎನ್ನುತ್ತಿದ್ದರು. ನಾನು ಆಟೋದ ಹೊರಗೆ ನೋಡುತ್ತ ಕೂತೆ, ಮುಖ ತೋರಿಸುವಂತಿರಲಿಲ್ಲ.

ಸ್ಕ್ಯಾನಿನಲ್ಲಿ ರಕ್ತಸ್ರಾವ ಕಾಣಲಿಲ್ಲ. ಗೋವಾದವರು ಸೆಲ್ವಂ ಸಾರ್ ಬಳಿ ಹುಡುಗನ ಪಾಸನ್ನು ಮೆಚ್ಚಿಕೊಂಡರಂತೆ, ಆದರೆ ತಮಗೆ ಈ ಸೀಸನ್ನಿಗೇ ಆಟಗಾರ ಬೇಕು ಎಂದು ಹೇಳಿ ಹೊರಟುಹೋದರು. ಬೇರೆ ಯಾರನ್ನೋ ತೆಗೆದುಕೊಂಡರು. ಮಂಜುವಿಗೆ ವಾರಗಟ್ಟಲೆ ತಲೆನೋವು. ಬೆಳಕು ಆಗದು, ಸದ್ದು ಆಗದು. ಗಂಗವ್ವ ಅವನನ್ನು ನನ್ನ ಕ್ಲಿನಿಕ್ಕಿಗೆ ತಪ್ಪದೆ ಕರೆತರುತ್ತಿದ್ದರು, ಅವನು ಮಾತ್ರ ನನ್ನ ಮುಖ ನೋಡುತ್ತಿರಲಿಲ್ಲ. ಮೊದಲು ನಡಿಗೆ, ಆಮೇಲೆ ಓಟ, ಆಮೇಲೆ ಚೆಂಡು, ಕೊನೆಗೆ ಪಂದ್ಯ. ಹೀಗೆ ಒಂದೊಂದೇ ಮೆಟ್ಟಿಲು ಹತ್ತಿಸಿದೆ. ಸಿಟ್ಟಿನಲ್ಲೇ ಹತ್ತಿದ. ಅಭ್ಯಾಸದ ಪಂದ್ಯಕ್ಕೆ ಮರಳಿದ ಸಂಜೆ, ಮೊದಲ ಚೆಂಡು ಅವನ ಕಡೆ ಹೊರಟಾಗ ಕತ್ತು ಬಲಕ್ಕೆ ತಿರುಗಿತು, ಎಡಕ್ಕೆ ತಿರುಗಿತು. ಗೆರೆಯ ಆಚೆ ಸೆಲ್ವಂ ಸಾರ್ ನನ್ನ ಕೈ ಹಿಡಿದು ಕುಲುಕಿದರು.

ಆ ಪಂದ್ಯದ ಒಂದು ಚೂರೂ ಮಂಜುವಿಗೆ ನೆನಪಿಗೆ ಬರಲೇ ಇಲ್ಲ. ಮೈದಾನ ಹೋ ಎಂದ ಆ ಪಾಸೂ ಇಲ್ಲ. ಮಾತು ಬಿಟ್ಟಿದ್ದವನು ಮತ್ತೆ ಮಾತು ಶುರುಮಾಡಿದ್ದೇ ಅದನ್ನು ಕೇಳಲು: “ಮೇಡಂ, ಆ ಪಾಸ್ ಹೆಂಗಿತ್ತು ಅಂತ ಹೇಳಿ.” ಇದ್ದದ್ದಕ್ಕಿಂತ ಸ್ವಲ್ಪ ಹೆಚ್ಚೇ ಹೊಗಳಿ ಹೇಳಿದೆ.

ಆ ದಿನದಿಂದ ನಾನು ನನ್ನ ಪ್ರಶ್ನೆಗಳನ್ನು ಯಾರಿಗೂ ಮುಂಚಿತವಾಗಿ ಹೇಳಲಿಲ್ಲ. ಅದಕ್ಕಿಂತ ಮುಖ್ಯವಾಗಿ, ಪೆಟ್ಟು ಬೀಳುವ ಮೊದಲೇ ಪ್ರತಿಯೊಬ್ಬನನ್ನೂ ಗಮನಿಸಿಡಲು ಕಲಿತೆ. ಇವನು ನಿಲ್ಲುವುದು ಹೇಗೆ, ನಗುವುದು ಹೇಗೆ, ಚೆಂಡಿಗೆ ಕಾಯುವುದು ಹೇಗೆ. ಉತ್ತರ ಸರಿಯಿದ್ದ ಮಾತ್ರಕ್ಕೆ ಮನುಷ್ಯ ಸರಿಯಿದ್ದಾನೆ ಎಂದಲ್ಲ. ಅವನು ಸರಿಯಿದ್ದಾಗ ಹೇಗಿರುತ್ತಾನೆ ಎಂದು ಗೊತ್ತಿದ್ದವರಿಗೆ ಮಾತ್ರ ಅವನು ತಪ್ಪಿದ್ದು ತಿಳಿಯುತ್ತದೆ. ನನ್ನ ವೃತ್ತಿ ನನಗೆ ಕಲಿಸಿದ್ದರಲ್ಲಿ ದೊಡ್ಡದು ಇದೇ.

ಎರಡು ಸೀಸನ್ ಕಳೆದ ಮೇಲೆ ಕೋಲ್ಕತ್ತಾದ ಒಂದು ಕ್ಲಬ್ ಮಂಜುವನ್ನು ಕರೆಯಿತು. ಅಲ್ಲಿ ಅವನ ಮೊದಲ ಪಂದ್ಯದ ದಿನ, ನಾನು ಕ್ಲಿನಿಕ್ಕಿನಲ್ಲಿ ಒಬ್ಬ ಅಜ್ಜಿಯ ಮಂಡಿ ಮಡಿಸುತ್ತಿದ್ದಾಗ ಅವನ ಫೋನ್ ಬಂತು.

“ಮೇಡಂ, ಇನ್ನೇನು ಮ್ಯಾಚ್ ಶುರುವಾಗುತ್ತೆ. ಒಂದು ಪ್ರಶ್ನೆ ಕೇಳಿ.”

“ಯಾವ ಪ್ರಶ್ನೇನೋ?”

“ಅದೇ, ನೀವು ನಮಗೆ ಹೇಳ್ಕೊಡ್ದೇ ಇದ್ದಿದ್ದು. ಇಮ್ರಾನ್ ಹೇಳ್ದ.”

ಅರ್ಥವಾಗಲು ನನಗೆ ಒಂದು ಕ್ಷಣ ಬೇಕಾಯಿತು. “ಇವತ್ತು ಗ್ರೌಂಡ್‌ಗೆ ಹೇಗೆ ಬಂದೆ ಮಂಜು?”

“ಅವ್ವನ ಜೊತೆ ಬಂದೆ ಮೇಡಂ, ಅವತ್ತಿನ ಥರಾನೇ. ಬಸ್ಸಲ್ಲಿ, ಒಂದೇ ಸೀಟಲ್ಲಿ.”